ಕ್ವಿಡ್‌ನಂಕ್ ಮಹಾಶಯರು

ಇಂಗ್ಲಿಷ್ ನಿಘಂಟುಗಳಲ್ಲಿ, ಪದಬಂಧ ಬಿಡಿಸುವವರನ್ನು ಬಿಟ್ಟರೆ ಇಂದು ಬೇರಾರೂ ಹೆಚ್ಚಾಗಿ ಮಾತನಾಡಿಸದ ‘ಕ್ವಿಡ್‌ನಂಕ್’ ಎಂಬ ನಾಮಪದವೊಂದು ಉಳಿದುಕೊಂಡಿದೆ. ಲ್ಯಾಟಿನ್ ಭಾಷೆಯಲ್ಲಿ ‘ಕ್ವಿಡ್’ ಎಂದರೆ ಏನು, ‘ನಂಕ್’ ಎಂದರೆ ಈಗ. ಎರಡನ್ನೂ ಕೂಡಿಸಿದರೆ ‘ಈಗೇನು?’ ಎಂಬ ಪ್ರಶ್ನೆಯಾಗುತ್ತದೆ. ಎದುರು ಸಿಕ್ಕವರನ್ನೆಲ್ಲ ಹೊಸ ಸುದ್ದಿ ಏನೆಂದು ಕೇಳಿ ತಡೆದು ನಿಲ್ಲಿಸುತ್ತಿದ್ದ ಮನುಷ್ಯನಿಗೆ ಅವನ ಪ್ರಶ್ನೆಯನ್ನೇ ಹೆಸರಾಗಿ ಅಂಟಿಸಿದವರು 18ನೆಯ ಶತಮಾನದ ಆರಂಭದ ಲಂಡನ್ನಿನ ಗೇಲಿಗಾರರು. ರಿಚರ್ಡ್ ಸ್ಟೀಲ್ 1709ರಲ್ಲಿ ಆರಂಭಿಸಿದ ‘ದಿ ಟ್ಯಾಟ್ಲರ್’ ಪತ್ರಿಕೆಯ ಮೊದಲ ವರ್ಷದಲ್ಲಿಯೇ ಈ ಪದ ಅಚ್ಚಿನಲ್ಲಿ ಕಾಣಿಸಿಕೊಂಡಿತು. ಒಬ್ಬ ಮನುಷ್ಯನ ಇಡೀ ವ್ಯಕ್ತಿತ್ವ ಎರಡು ಮಾತಿನ ಪ್ರಶ್ನೆಯಲ್ಲಿ ಅಡಗಿಹೋಗಬಲ್ಲುದಾದರೆ ಆತನಿಗೆ ಬೇರೆ ಹೆಸರಿನ ಅಗತ್ಯವಾದರೂ ಏನಿತ್ತು?

ಇಂದಿನ ನಿಘಂಟುಗಳು ಈ ಪದಕ್ಕೆ ಹರಟೆಗಾರ, ಕಂಡವರ ವಿಷಯದಲ್ಲಿ ಕುತೂಹಲವುಳ್ಳವ ಎಂಬ ಅರ್ಥವನ್ನು ಬರೆದು ಮುಂದೆ ಸಾಗುತ್ತವೆ. ಇದು ಕ್ವಿಡ್‌ನಂಕ್ ಮಹಾಶಯರಿಗೆ ಆದ ಅನ್ಯಾಯವೆಂದೇ ಹೇಳಬೇಕು. ಹರಟೆಗಾರನಿಗೆ ಬೇಕಾದದ್ದು ಪಕ್ಕದ ಮನೆಯ ಜಗಳ, ಎದುರು ಮನೆಯ ಸಾಲ, ಹಿಂದಿನ ಬೀದಿಯ ಮದುವೆ ಮುರಿದುಬಿದ್ದ ಕಾರಣ. ಕ್ವಿಡ್‌ನಂಕನಿಗೆ ಇವಾವುವೂ ಬೇಡ. ಅವನಿಗೆ ಬೇಕಾದದ್ದು ಪೋಲೆಂಡಿನ ಸಿಂಹಾಸನ, ತುರ್ಕಿಯ ಸುಲ್ತಾನನ ಮನಸ್ಸು, ಫ್ಲ್ಯಾಂಡರ್ಸಿನಲ್ಲಿ ಬೀಡುಬಿಟ್ಟ ಸೈನ್ಯದ ಮುಂದಿನ ನಡೆ. ಪಕ್ಕದ ಮನೆಗೆ ಬೆಂಕಿ ಬಿದ್ದರೂ ಆ ಬೆಂಕಿಯಲ್ಲಿ ಫ್ರಾನ್ಸಿನ ಕೈವಾಡವಿದೆಯೆಂದು ಯಾರಾದರೂ ಹೇಳುವವರೆಗೆ ಆತನ ಆಸಕ್ತಿ ಕೆರಳುವುದಿಲ್ಲ. ‘ಮನೆಗೆ ಮಾರಿ, ಊರಿಗೆ ಉಪಕಾರಿ’ ಎಂಬ ಗಾದೆಯೂ ಆತನಿಗೆ ಅರ್ಧ ಮಾತ್ರ ಒಪ್ಪುತ್ತದೆ, ಏಕೆಂದರೆ ಊರಿಗೂ ಅವನಿಂದ ಆದ ಉಪಕಾರ ಯಾವುದೂ ದಾಖಲಾಗಿಲ್ಲ.

ಈ ಪದ ಹೊಸದಾದರೂ ಪದ ಸೂಚಿಸುವ ಪ್ರಾಣಿಯ ವಂಶ ಪುರಾತನವಾದುದು. ಅರಿಸ್ಟಾಟಲನ ಶಿಷ್ಯನಾದ ಥಿಯೋಫ್ರಾಸ್ಟಸ್ ಕ್ರಿಸ್ತಪೂರ್ವ 4ನೆಯ ಶತಮಾನದಲ್ಲಿ ಅಥೆನ್ಸಿನ 30 ಬಗೆಯ ಜನರ ನಡೆನುಡಿಗಳನ್ನು ಪುಟ್ಟ ಪುಟ್ಟ ವ್ಯಕ್ತಿಚಿತ್ರಗಳಲ್ಲಿ ಬರೆದಿಟ್ಟ. ಅವರಲ್ಲಿ ಸುದ್ದಿ ಹೊಸೆಯುವವನೂ ಒಬ್ಬ. ಆತ ಗೆಳೆಯನನ್ನು ಕಂಡೊಡನೆ ಮುಗುಳ್ನಕ್ಕು, ಎಲ್ಲಿಂದ ಬಂದೆ, ಹೊಸದೇನಾದರೂ ಇದೆಯೇ ಎಂದು ಕೇಳುತ್ತಾನೆ. ಉತ್ತರಕ್ಕೆ ಕಾಯದೆ ತನ್ನದೇ ಸುದ್ದಿಯನ್ನು ಬಡಿಸತೊಡಗುತ್ತಾನೆ. ಹೇಳಿದವರು ಯಾರೆಂದರೆ ಈಗತಾನೇ ರಣರಂಗದಿಂದ ಬಂದ ಕೊಳಲು ನುಡಿಸುವವನ ಹುಡುಗನನ್ನೋ ಗುತ್ತಿಗೆದಾರನನ್ನೋ ಹೆಸರಿಸುತ್ತಾನೆ, ಅಂದರೆ ಯಾರೂ ಹೋಗಿ ವಿಚಾರಿಸಲಾಗದ ಸಾಕ್ಷಿಗಳನ್ನು. ಇಂಥವರು ಸ್ನಾನಗೃಹದಲ್ಲಿ ಜನ ಸೇರಿಸಿಕೊಂಡು ಮಾತನಾಡುತ್ತಿರುವಾಗ ತಮ್ಮ ಮೇಲುಹೊದಿಕೆಯನ್ನು ಕಳೆದುಕೊಳ್ಳುತ್ತಾರೆಂದೂ, ಕಂಬಸಾಲಿನ ನೆರಳಿನಲ್ಲಿ ನಿಂತು ನೆಲ ಜಲಗಳೆರಡರ ಯುದ್ಧವನ್ನೂ ಗೆಲ್ಲುತ್ತಿರುವಾಗ ನ್ಯಾಯಾಲಯಕ್ಕೆ ಹಾಜರಾಗದೆ ತಮ್ಮ ವ್ಯಾಜ್ಯವನ್ನು ಸೋಲುತ್ತಾರೆಂದೂ ಥಿಯೋಫ್ರಾಸ್ಟಸ್ ಕನಿಕರದಿಂದ ಗುರುತಿಸುತ್ತಾನೆ. ಇನ್ನು ಇಂಗ್ಲೆಂಡಿನಲ್ಲಿಯೇ 1626ರಲ್ಲಿ ಪ್ರದರ್ಶನಗೊಂಡ ಬೆನ್ ಜಾನ್ಸನ್ನನ ‘ದಿ ಸ್ಟೇಪಲ್ ಆಫ್ ನ್ಯೂಸ್’ ನಾಟಕದಲ್ಲಿ ಸುದ್ದಿಯನ್ನು ಅಂಗಡಿಯ ಸರಕಿನಂತೆ ವಿಂಗಡಿಸಿ ಮಾರುವ ಕಚೇರಿಯಿದ್ದು, ಹಳ್ಳಿಯ ಹೆಂಗಸೊಬ್ಬಳು ಅಲ್ಲಿಗೆ ಬಂದು, ಯಾವ ಸುದ್ದಿಯಾದರೂ ಆದೀತು, ನಮ್ಮೂರ ಪಾದ್ರಿಗೆ ಒಯ್ಯಲು ನಾಲ್ಕು ಕಾಸಿನಷ್ಟು ಕೊಡಿ ಎನ್ನುತ್ತಾಳೆ. ಕೇಳುವವನಿಗೆ ಸುದ್ದಿ ಯಾವುದೆಂಬುದು ಮುಖ್ಯವಲ್ಲ, ಸುದ್ದಿಯಾಗಿರುವುದೇ ಮುಖ್ಯ ಎಂಬ ಕ್ವಿಡ್‌ನಂಕ್ ಸಿದ್ಧಾಂತವನ್ನು ಪದ ಹುಟ್ಟುವ ಎಂಬತ್ತು ವರ್ಷಗಳ ಮೊದಲೇ ಈಕೆ ಮಂಡಿಸಿದ್ದಳು.

ಆದರೂ ಈ ಜಾತಿ ಹುಲುಸಾಗಿ ಬೆಳೆದು ಒಂದು ಹೆಸರನ್ನು ಸಂಪಾದಿಸಲು ಎರಡು ಅನುಕೂಲಗಳು ಒದಗಬೇಕಾಯಿತು. ಮೊದಲನೆಯದು ಕಾಫಿ. 1652ರಲ್ಲಿ ಪಾಸ್ಕ್ವಾ ರೋಸಿ ಎಂಬಾತ ಲಂಡನ್ನಿನ ಕಾರ್ನ್‌ಹಿಲ್ ಬಳಿಯ ಓಣಿಯಲ್ಲಿ ಆ ನಗರದ ಮೊದಲ ಕಾಫಿ ಅಂಗಡಿಯನ್ನು ತೆರೆದ ಮೇಲೆ, ಒಂದು ಪೆನ್ನಿ ತೆತ್ತವನಿಗೆ ಬಿಸಿ ಕಾಫಿ, ಬೆಂಚಿನ ಮೇಲೊಂದು ಸ್ಥಳ ಮತ್ತು ದೇಶದ ಆಡಳಿತವನ್ನು ತಿದ್ದುವ ಅಧಿಕಾರ ಒಟ್ಟಿಗೆ ದೊರೆಯತೊಡಗಿದವು. ಇದರಿಂದ ಕಸಿವಿಸಿಗೊಂಡ ಎರಡನೆಯ ಚಾರ್ಲ್ಸ್ ದೊರೆ 1675ರ ಡಿಸೆಂಬರಿನಲ್ಲಿ ಕಾಫಿ ಅಂಗಡಿಗಳನ್ನೆಲ್ಲ ಮುಚ್ಚುವಂತೆ ಘೋಷಣೆ ಹೊರಡಿಸಿ, ಎದ್ದ ಗದ್ದಲಕ್ಕೆ ಮಣಿದು, ಅದು ಜಾರಿಗೆ ಬರುವ ಮುನ್ನವೇ 1676ರ ಜನವರಿಯಲ್ಲಿ ಹಿಂತೆಗೆದುಕೊಂಡ. ಎರಡನೆಯ ಅನುಕೂಲ ಪತ್ರಿಕೆ. ಮುದ್ರಣಕ್ಕೆ ಮುಂಚಿತವಾಗಿ ಸರ್ಕಾರದ ಪರವಾನಗಿ ಬೇಕೆಂಬ ಕಾಯಿದೆ 1695ರಲ್ಲಿ ನವೀಕರಣಗೊಳ್ಳದೆ ಸತ್ತುಹೋದಾಗ ‘ಪೋಸ್ಟ್ ಬಾಯ್’, ‘ಪೋಸ್ಟ್ ಮ್ಯಾನ್’, ‘ಫ್ಲೈಯಿಂಗ್ ಪೋಸ್ಟ್’ ಮುಂತಾದವು ಹುಟ್ಟಿಕೊಂಡು, ಹಳ್ಳಿಗಾಡಿಗೆ ಅಂಚೆ ಹೊರಡುವ ಮಂಗಳವಾರ, ಗುರುವಾರ, ಶನಿವಾರಗಳಂದು ಪ್ರಕಟವಾಗತೊಡಗಿದವು. 1702ರಲ್ಲಿ ‘ಡೈಲಿ ಕೊರಾಂಟ್’ ಎಂಬ ದಿನಪತ್ರಿಕೆಯೂ ಬಂದು, ವಾರದಲ್ಲಿ ಮೂರು ದಿನ ಮಾತ್ರ ತೊಂದರೆ ಕೊಡುತ್ತಿದ್ದವನು ಪ್ರತಿದಿನವೂ ತೊಂದರೆ ಕೊಡಲು ಶಕ್ತನಾದ.

ಕಾಫಿ ಅಂಗಡಿಗಳಲ್ಲಿಯೂ ಜಾತಿ ಕಸುಬುಗಳಿದ್ದವು. ಹಡಗು ಮತ್ತು ವಿಮೆಯವರು ಲಾಯ್ಡ್ಸ್‌ನಲ್ಲಿ, ಷೇರು ವ್ಯಾಪಾರದವರು ಜಾನಥನ್ಸ್‌ನಲ್ಲಿ, ಕಾವ್ಯ ವಿಮರ್ಶೆಯವರು ವಿಲ್ಸ್‌ನಲ್ಲಿ, ಪಂಡಿತರು ಗ್ರೀಷನ್‌ನಲ್ಲಿ ಕೂಡುತ್ತಿದ್ದರು. ಸ್ಟೀಲ್ ತನ್ನ ಪತ್ರಿಕೆಯ ಲೇಖನಗಳಿಗೂ ಇದೇ ವಿಂಗಡಣೆಯನ್ನು ಬಳಸಿ, ದೇಶ ವಿದೇಶಗಳ ಸುದ್ದಿಗೆ ಸೇಂಟ್ ಜೇಮ್ಸ್ ಕಾಫಿ ಅಂಗಡಿಯ ವಿಳಾಸ ಕೊಟ್ಟಿದ್ದ. ಲಾಯ್ಡ್ಸ್‌ನಲ್ಲಿ ಸುದ್ದಿ ಕೇಳುವವನಿಗೆ ಹಡಗು ಮುಳುಗಿದರೆ ಹಣ ಹೋಗುತ್ತದೆ. ಜಾನಥನ್ಸ್‌ನಲ್ಲಿ ಕೇಳುವವನಿಗೆ ಬೆಲೆ ಏರಿದರೆ ಹಣ ಬರುತ್ತದೆ. ಕ್ವಿಡ್‌ನಂಕನಿಗೆ ಹೋಗುವುದೂ ಇಲ್ಲ, ಬರುವುದೂ ಇಲ್ಲ. ಸುದ್ದಿಯಿಂದ ಯಾವ ಲಾಭವನ್ನೂ ಬಯಸದ ಈ ನಿಷ್ಕಾಮ ಭಾವವೇ ಆತನನ್ನು ವರ್ತಕನಿಂದಲೂ ಗೂಢಚಾರನಿಂದಲೂ ಬೇರ್ಪಡಿಸುವ ಲಕ್ಷಣ.

ಆತನ ಆರೋಗ್ಯವು ಗಾಳಿಯ ದಿಕ್ಕನ್ನು ಅವಲಂಬಿಸಿತ್ತು. ಯೂರೋಪಿನ ಸುದ್ದಿಯೆಲ್ಲ ಹಾಲೆಂಡಿನಿಂದ ಹೊರಟ ಅಂಚೆಯ ಹಡಗಿನಲ್ಲಿ ಬರಬೇಕಾಗಿತ್ತು. ಪಶ್ಚಿಮದಿಂದ ಗಾಳಿ ಬೀಸಿದರೆ ಆ ಹಡಗು ಇಂಗ್ಲೆಂಡಿನತ್ತ ಸಾಗಲಾರದೆ ಅಲ್ಲಿಯೇ ತಂಗುತ್ತಿತ್ತು. ಆ ದಿನಗಳಲ್ಲಿ ಊರಿನ ಮಾತೇ ನಿಂತುಹೋಗುತ್ತಿತ್ತೆಂದು ಜೋಸೆಫ್ ಅಡಿಸನ್ 1712ರ ‘ಸ್ಪೆಕ್ಟೇಟರ್’ ಪ್ರಬಂಧವೊಂದರಲ್ಲಿ ಗೇಲಿ ಮಾಡಿದ್ದಾನೆ. ಎಲ್ಲ ಪತ್ರಿಕೆಗಳಿಗೂ ವಿದೇಶದಿಂದ ಬರುವ ಸುದ್ದಿ ಒಂದೇ ಆಗಿರುವುದರಿಂದ, ಅವು ಒಂದೇ ಮಾಂಸವನ್ನು ಬಗೆಬಗೆಯ ಅಡುಗೆಯಾಗಿ ಬಡಿಸುತ್ತವೆಂದೂ, ಬೆಳಗಿನಿಂದ ರಾತ್ರಿಯವರೆಗೆ ಅವನ್ನೆಲ್ಲ ಓದಿದವನಿಗೆ ಕೊನೆಯಲ್ಲಿ ತಿಳಿದಿರುವುದು ಮೊದಲ ಪತ್ರಿಕೆ ಓದಿದಾಗ ತಿಳಿದಷ್ಟೇ ಎಂದೂ ಆತನ ದೂರು. ದೂರಿನಲ್ಲಿ ಸತ್ಯವಿದ್ದರೂ ಕ್ವಿಡ್‌ನಂಕನ ರಸಾಸ್ವಾದವನ್ನು ಅದು ಸರಿಯಾಗಿ ತೂಗುವುದಿಲ್ಲ. ಒಂದು ಪತ್ರಿಕೆ ಸತ್ತವರು 3,000 ಎಂದು, ಇನ್ನೊಂದು 5,000 ಎಂದು ಬರೆದಾಗ ಉಳಿದ 2,000 ಜನರ ಪ್ರಾಣವನ್ನು ಉಳಿಸುವುದೋ ತೆಗೆಯುವುದೋ ಎಂಬ ತೀರ್ಮಾನ ಆತನ ಕೈಯಲ್ಲಿತ್ತು. ಇಷ್ಟು ದೊಡ್ಡ ಅಧಿಕಾರವನ್ನು ಒಂದು ಪೆನ್ನಿಗೆ ಬೇರೆಲ್ಲಿಯೂ ಮಾರುತ್ತಿರಲಿಲ್ಲ.

ಈ ಮಹಾಶಯರು ಮೈಸೂರಿನ ವಿಷಯದಲ್ಲಿಯೂ ಬಾಯಿ ಹಾಕದೆ ಬಿಟ್ಟಿರಲಾರರು, ಏಕೆಂದರೆ ಹೈದರಾಲಿ ಮತ್ತು ಟಿಪ್ಪುವಿನ ಯುದ್ಧಗಳು ಲಂಡನ್ನಿನ ಪತ್ರಿಕೆಗಳಿಗೆ ಭಾರಿ ಸುದ್ದಿಯಾಗಿದ್ದವು. ಆದರೆ ಭಾರತದಿಂದ ಹಡಗು ಹೋಗಿ ಸೇರಲು ಹಲವು ತಿಂಗಳು ಬೇಕಾಗಿದ್ದುದರಿಂದ ಅಲ್ಲಿಯ ‘ಈಗೇನು?’ ಎಂಬ ಪ್ರಶ್ನೆಗೆ ಇಲ್ಲಿಂದ ಹೋಗುತ್ತಿದ್ದ ಉತ್ತರ ಯಾವಾಗಲೂ ‘ಆಗೇನು’ ಎಂಬುದರದ್ದು. ಹೈದರಾಲಿ ಕರ್ನಾಟಿಕ್ ಪ್ರಾಂತಕ್ಕೆ ನುಗ್ಗಿದನೆಂಬ ಸುದ್ದಿ ಲಂಡನ್ ಮುಟ್ಟಿ, 1769ರ ಮೇ ತಿಂಗಳಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಷೇರುಗಳು ಕುಸಿದು ಪೇಟೆಯಲ್ಲಿ ಹಾಹಾಕಾರವೆದ್ದ ಹೊತ್ತಿಗೆ, ಮದರಾಸಿನಲ್ಲಿ ಹೈದರನಿಗೂ ಕಂಪನಿಗೂ ಏಪ್ರಿಲಿನಲ್ಲಿಯೇ ಒಪ್ಪಂದವಾಗಿ ಯುದ್ಧ ಮುಗಿದಿತ್ತು. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಮಡಿದ ಸುದ್ದಿಯೂ ಲಂಡನ್ನಿಗೆ ತಲುಪಿದ್ದು ಸೆಪ್ಟೆಂಬರಿನಲ್ಲಿ. ನಡುವಿನ ನಾಲ್ಕು ತಿಂಗಳು, ಆಗಿಹೋದ ಮುತ್ತಿಗೆಯನ್ನು ಹೇಗೆ ಹಾಕಬೇಕು, ಕಾವೇರಿಯನ್ನು ಯಾವ ಕಡೆಯಿಂದ ದಾಟಬೇಕು ಎಂದು ಕಾಫಿ ಅಂಗಡಿಯ ಸೇನಾಪತಿಗಳು ನಿಶ್ಚಿಂತೆಯಿಂದ ಸಲಹೆ ಕೊಡುತ್ತ ಕೂರಬಹುದಾಗಿತ್ತು. ಸಲಹೆ ತಪ್ಪಾದರೂ ಒಬ್ಬ ಸಿಪಾಯಿಯ ಕೂದಲೂ ಕೊಂಕದಂಥ ಇಂಥ ಸುರಕ್ಷಿತ ಯುದ್ಧತಂತ್ರ ಇತಿಹಾಸದಲ್ಲಿ ಅಪರೂಪ.

ಪದದ ಮುಂದಿನ ಬಳಕೆಯ ಕಥೆ ಚಿಕ್ಕದು. ಆರ್ಥರ್ ಮರ್ಫಿ 1758ರಲ್ಲಿ ಡ್ರೂರಿ ಲೇನ್ ರಂಗಮಂದಿರಕ್ಕೆ ಬರೆದುಕೊಟ್ಟ ‘ದಿ ಅಪ್‌ಹೋಲ್ಸ್ಟರರ್’ ಎಂಬ ಪ್ರಹಸನದಲ್ಲಿ ನಾಯಕನ ಹೆಸರೇ ಕ್ವಿಡ್‌ನಂಕ್. ರೇಜರ್ ಎಂಬ ಕ್ಷೌರಿಕನೂ ಪ್ಯಾಂಫ್ಲೆಟ್ ಎಂಬ ಬಾಡಿಗೆ ಬರಹಗಾರನೂ ಅವನ ಜೊತೆಗಾರರು. ಅಲ್ಲಿಂದ ಮುಂದೆ ಈ ಪದ ಕಾದಂಬರಿಗಳಲ್ಲಿ, ಪತ್ರಿಕೆಗಳಲ್ಲಿ ಓಡಾಡಿಕೊಂಡಿದ್ದು, 20ನೆಯ ಶತಮಾನದಲ್ಲಿ ಡಬ್ಲಿನ್ನಿನ ‘ಐರಿಷ್ ಟೈಮ್ಸ್’ ಪತ್ರಿಕೆಯ ದಿನಚರಿ ಅಂಕಣಕ್ಕೆ ಸಹಿಯಾಗಿಯೂ ನಿಂತಿತು. ಬೈಗುಳವಾಗಿ ಹುಟ್ಟಿದ್ದನ್ನು ಪತ್ರಕರ್ತನೊಬ್ಬ ಸಂತೋಷದಿಂದ ತನ್ನ ಹೆಸರಾಗಿ ಧರಿಸಿದ್ದು ಪದಕ್ಕೆ ದೊರೆತ ಮರ್ಯಾದೆಯೂ ಹೌದು, ಅದರ ಹಲ್ಲು ಉದುರಿದ್ದಕ್ಕೆ ಗುರುತೂ ಹೌದು. ಎಲ್ಲರೂ ಎಲ್ಲ ಹೊತ್ತಿನಲ್ಲಿಯೂ ಈಗೇನು ಎಂದು ಕೇಳುವ ಕಾಲದಲ್ಲಿ ಹಾಗೆ ಕೇಳುವ ಒಬ್ಬನಿಗೆ ಮಾತ್ರ ಬೇರೆ ಹೆಸರಿಟ್ಟು ಕರೆಯುವುದು ಕಷ್ಟವೇ ಸರಿ.

ಈ ಜಾತಿಯ ಮೂಲಪುರುಷನಾಗಿ ಇಂಗ್ಲಿಷ್ ಸಾಹಿತ್ಯ ಒಪ್ಪಿಕೊಂಡಿರುವವನು ಅಡಿಸನ್ 1710ರ ಏಪ್ರಿಲಿನಲ್ಲಿ ‘ಟ್ಯಾಟ್ಲರ್’ ಪತ್ರಿಕೆಯ 155ನೆಯ ಸಂಚಿಕೆಯಲ್ಲಿ ಚಿತ್ರಿಸಿದ ಮೆತ್ತೆಯಂಗಡಿಯವನು, ಅಂದರೆ ಕುರ್ಚಿ ಮಂಚಗಳಿಗೆ ಮೆತ್ತೆ ಕೂರಿಸಿ ಬಟ್ಟೆ ಹೊದಿಸುವ ಕಸುಬಿನವನು. ಮರ್ಫಿಯ ನಾಯಕನೂ ಇವನ ಅಚ್ಚಿನಲ್ಲಿಯೇ ಬಿದ್ದವನು. ಈತ ಬೆಳಗಾಗುವ ಮುನ್ನವೇ ಎದ್ದು ‘ಪೋಸ್ಟ್ ಮ್ಯಾನ್’ ಓದಿ, ಹಾಲೆಂಡಿನ ಅಂಚೆ ಬಂದಿದೆಯೇ ಎಂದು ನೋಡಲು ಊರಿನ ಆ ತುದಿಯವರೆಗೆ ನಡೆದುಹೋಗಿ, ನೆರೆಹೊರೆಯವರು ಏಳುವಷ್ಟರಲ್ಲಿ ಹಿಂತಿರುಗುತ್ತಿದ್ದ. ಹೆಂಡತಿ ಮಕ್ಕಳಿದ್ದರೂ ಸ್ವಂತ ಮನೆಯಲ್ಲಿ ನಡೆಯುವುದಕ್ಕಿಂತ ಪೋಲೆಂಡಿನಲ್ಲಿ ನಡೆಯುವುದರ ಮೇಲೆಯೇ ಅವನಿಗೆ ಹೆಚ್ಚು ಕಾಳಜಿ. ಅಲ್ಲಿಯ ದೊರೆ ಆಗಸ್ಟಸ್ಸನ ಕ್ಷೇಮದ ಚಿಂತೆಯಲ್ಲಿ ಸೊರಗಿ, ಕೊನೆಗೆ ಆ ದೊರೆ ಕಿರೀಟ ಬಿಟ್ಟ ಕಾಲಕ್ಕೆ ಸರಿಯಾಗಿ ಈತನೂ ಅಂಗಡಿ ಮುಳುಗಿಸಿ ಊರಿನವರ ಕಣ್ಣಿಗೆ ಬೀಳದಂತಾದ. ರಾಜನ ದಿವಾಳಿಯೊಂದಿಗೆ ತನ್ನ ದಿವಾಳಿಯನ್ನು ಹೀಗೆ ಹೊಂದಿಸಿಕೊಂಡ ವ್ಯಾಪಾರಿ ಇನ್ನೊಬ್ಬನಿರಲಾರ.

ಬಹುಕಾಲದ ಮೇಲೆ ಸೇಂಟ್ ಜೇಮ್ಸ್ ಉದ್ಯಾನದಲ್ಲಿ, ಸೆಕೆಯ ದಿನದಲ್ಲಿಯೂ ಹರಕಲು ದೊಗಲೆ ಕೋಟು ತೊಟ್ಟು ಅಲೆಯುತ್ತಿದ್ದ ಆತನನ್ನು ಹಳೆಯ ನೆರೆಮನೆಯವನೊಬ್ಬ ಕಂಡು, ಹಿರಿಯ ಮಗಳ ಮದುವೆಯಾಯಿತೇ ಎಂದು ವಿಚಾರಿಸುತ್ತಾನೆ. ಇಲ್ಲ ಎಂಬುದೊಂದೇ ಅದಕ್ಕೆ ಉತ್ತರ. ಮರುಕ್ಷಣವೇ, ಸ್ವೀಡನ್ನಿನ ದೊರೆಯ ವಿಷಯದಲ್ಲಿ ತಮ್ಮ ಪ್ರಾಮಾಣಿಕ ಅಭಿಪ್ರಾಯವೇನು ಎಂಬ ಪ್ರಶ್ನೆ. ಆ ದೊರೆ ಹನ್ನೆರಡನೆಯ ಚಾರ್ಲ್ಸ್, 1709ರಲ್ಲಿ ಪೊಲ್ಟಾವದಲ್ಲಿ ರಷ್ಯದವರಿಗೆ ಸೋತು, ತುರ್ಕರ ಆಶ್ರಯದಲ್ಲಿ ಬೆಂಡರ್ ಎಂಬ ಊರಿನಲ್ಲಿ ಬೀಡುಬಿಟ್ಟಿದ್ದವನು. ಅವನ ಊಟ ಉಪಚಾರದ ಚಿಂತೆ ಮನೆಯಲ್ಲಿ ಉಪವಾಸವಿದ್ದವರ ಚಿಂತೆಯನ್ನು ನುಂಗಿಹಾಕಿತ್ತು. ಉದ್ಯಾನದ ಬೆಂಚಿನ ಮೇಲೆ ಇವನಂತೆಯೇ ಅಂಗಿ ಹರಿದ ಇನ್ನೂ ಮೂರು ನಾಲ್ಕು ಮಂದಿ ರಾಜನೀತಿಜ್ಞರು ಸೇರಿ, ಬಾಲ್ಟಿಕ್ ಸಮುದ್ರದಿಂದ ಕಾನ್ಸ್‌ಟಾಂಟಿನೋಪಲ್‌ವರೆಗಿನ ಗಡಿಗಳನ್ನೆಲ್ಲ ಇತ್ಯರ್ಥ ಮಾಡಿದ ಮೇಲೆ ಸಭೆ ಮುಗಿಯುತ್ತದೆ.

ಎಲ್ಲರೂ ಎದ್ದ ಬಳಿಕ ಮೆತ್ತೆಯಂಗಡಿಯವನು ನೆರೆಮನೆಯವನ ಕಿವಿಯಲ್ಲಿ ಎರಡೂವರೆ ಷಿಲಿಂಗ್ ಸಾಲ ಕೇಳುತ್ತಾನೆ. ಆತ ಕನಿಕರಪಟ್ಟು, ಮರ್ಯಾದೆ ಕಾಯಲು ಒಂದು ಕರಾರಿನ ರೂಪ ಕೊಟ್ಟು, ಈಗ ಐದು ಷಿಲಿಂಗ್ ಕೊಡುತ್ತೇನೆ, ತುರ್ಕರನ್ನು ಕಾನ್ಸ್‌ಟಾಂಟಿನೋಪಲ್‌ನಿಂದ ಓಡಿಸಿದ ದಿನ ಐದು ಪೌಂಡ್ ಹಿಂದಿರುಗಿಸಿದರೆ ಸಾಕು ಎನ್ನುತ್ತಾನೆ. ಕೈಯೊಡ್ಡುವ ಮುನ್ನ ಮೆತ್ತೆಯಂಗಡಿಯವನು, ಯೂರೋಪಿನ ಇಂದಿನ ಪರಿಸ್ಥಿತಿಯಲ್ಲಿ ಅಂಥದೊಂದು ಘಟನೆ ಏಕೆ ಸಂಭವಿಸಲಾರದೆಂಬುದನ್ನು ಸಾಧಾರವಾಗಿ ವಿವರಿಸುತ್ತಾನೆ. ಅನಂತರವೇ ಹಣವನ್ನು ಜೇಬಿಗೆ ಇಳಿಸುತ್ತಾನೆ. ಕ್ವಿಡ್‌ನಂಕ್ ಕುಲದ ಭವಿಷ್ಯವಾಣಿಗಳಲ್ಲಿ ಪೂರ್ಣವಾಗಿ ನಿಜವಾದದ್ದು ಪ್ರಾಯಶಃ ಇದೊಂದೇ: ಇಸ್ತಾನ್‌ಬುಲ್ ಎಂಬ ಹೆಸರಿನಿಂದ ಆ ನಗರ ಇಂದಿಗೂ ತುರ್ಕರದಾಗಿಯೇ ಇದ್ದು, ಐದು ಪೌಂಡಿನ ವಾಯಿದೆ ಇನ್ನೂ ಬಂದಿಲ್ಲ.