ಪ್ರೀತಿಯ ಇವಾನಾಳಿಗೆ

ರಾಬರ್ಟ್ ಎಪ್‌ಸ್ಟೀನ್ ಅಮೆರಿಕದ ಮನಶ್ಶಾಸ್ತ್ರಜ್ಞರು. ಮನುಷ್ಯರಂತೆ ಮಾತಾಡಬಲ್ಲ ಯಂತ್ರ ಯಾವುದೆಂದು ಪರೀಕ್ಷಿಸುತ್ತಿದ್ದ ಲೋಬ್ನರ್ ಸ್ಪರ್ಧೆಯನ್ನು ಕಟ್ಟಿ ನಿಲ್ಲಿಸಿದವರಲ್ಲಿ ಒಬ್ಬರು. ಅಂಥವರೇ ಡೇಟಿಂಗ್ ತಾಣದಲ್ಲಿ ಸಿಕ್ಕ ಇವಾನಾ ಎಂಬ ರಷ್ಯದ ಚೆಲುವೆಯೊಡನೆ ತಿಂಗಳುಗಟ್ಟಲೆ ಪತ್ರವ್ಯವಹಾರ ನಡೆಸಿದರು. ಅವಳ ಇಂಗ್ಲಿಷ್ ತೊದಲುತ್ತಿತ್ತು. ಪಾಪ, ರಷ್ಯದವಳಲ್ಲವೇ! ಕೊನೆಗೆ ಅನುಮಾನ ಬಂದು, ಕೀಲಿಮಣೆಯ ಮೇಲೆ ಕೈಗೆ ಸಿಕ್ಕ ಅಕ್ಷರಗಳನ್ನೆಲ್ಲ ಕುಟ್ಟಿ, ಕೆಳಗೆ ‘ಪ್ರೀತಿಯಿಂದ’ ಎಂದು ಸೇರಿಸಿ ಕಳಿಸಿದರು. ಇವಾನಾ ತನ್ನ ತಾಯಿಯ ವಿಚಾರವಾಗಿ ಉದ್ದುದ್ದ ಉತ್ತರ ಬರೆದಳು. ಅವಳೊಂದು ಪ್ರೋಗ್ರಾಮು. 2007ರಲ್ಲಿ ‘ಸೈಂಟಿಫಿಕ್ ಅಮೆರಿಕನ್ ಮೈಂಡ್’ ಪತ್ರಿಕೆಯಲ್ಲಿ ಎಪ್‌ಸ್ಟೀನರೇ ಇದನ್ನೆಲ್ಲ ಬರೆದುಕೊಂಡರು.

ಗಂಡ ಏನೋ ಗೊಣಗಿದರೆ ಹೆಂಡತಿ ತವರಿನ ಸುದ್ದಿ ತೆಗೆಯುವುದು ನನಗೆ ಗೊತ್ತಿರುವ ಅನೇಕ ಮನೆಗಳಲ್ಲೂ ಉಂಟು. ಅದಷ್ಟೇ ಸಾಕ್ಷಿಯಿಂದ ಯಾರನ್ನೂ ಯಂತ್ರವೆನ್ನುವ ಧೈರ್ಯ ನನಗಿಲ್ಲ.

ಎಪ್‌ಸ್ಟೀನರ ಪ್ರೀತಿಯಾದರೂ ಅರ್ಧ ಸ್ವಂತದ್ದು. ಬೆಳ್ಳಂದೂರಿನಲ್ಲಿರುವ ನನ್ನ ಅಕ್ಕನ ಮಗ ಕ್ಯಾಬು ಸಿಗ್ನಲ್ಲಿನಲ್ಲಿ ನಿಂತಾಗ ಡೇಟಿಂಗ್ ಆ್ಯಪಿನಲ್ಲಿ ಹೆಬ್ಬೆರಳಾಡಿಸಿ ಹುಡುಗಿಯರನ್ನು ಆರಿಸುತ್ತಾನೆ; ಪತ್ರ ಬರೆಯುವ ಕೆಲಸ ಎಐದು. ಹುಡುಗಿಯೊಬ್ಬಳ ಉತ್ತರ ತೋರಿಸಿದ. ಮೊದಲ ಮಳೆ, ಫಿಲ್ಟರ್ ಕಾಫಿ, ಹಳೇ ಪುಸ್ತಕದ ವಾಸನೆ, ಒಂದೂ ಬಿಟ್ಟುಹೋಗಿರಲಿಲ್ಲ. “ಅವಳೂ ಅದರ ಕೈಲೇ ಬರೆಸ್ತಾಳೆ ಅನ್ಸುತ್ತೆ ಮಾಮ” ಎಂದ. ಮುಖದಲ್ಲಿ ಬೇಸರವೂ ಇಲ್ಲ, ನಾಚಿಕೆಯೂ ಇಲ್ಲ. ಸೊಪ್ಪಿನವಳೊಡನೆ ಚೌಕಾಸಿ ಮಾಡುವಾಗ ಇದಕ್ಕಿಂತ ಹೆಚ್ಚು ಭಾವುಕನಾಗುತ್ತಾನೆ.

ಬಂಬಲ್ ಎಂಬ ಡೇಟಿಂಗ್ ಆ್ಯಪ್ ಸ್ಥಾಪಿಸಿದ ವಿಟ್ನಿ ವುಲ್ಫ್ ಹರ್ಡ್ 2024ರಲ್ಲಿ ಇನ್ನೂ ಮುಂದೆ ಹೋದರು: ಮುಂದೊಂದು ದಿನ ನಿಮ್ಮ ಎಐ ಪ್ರತಿನಿಧಿಯೇ ಬೇರೆಯವರ ಪ್ರತಿನಿಧಿಗಳ ಜೊತೆ ಡೇಟಿಂಗ್ ಮಾಡೀತು ಎಂದರು. ನಾನು ಹೌಹಾರಿದೆ. ಅಕ್ಕ ಅವರೇಕಾಯಿ ಬಿಡಿಸುತ್ತಲೇ, “ನಮ್ಮದೂ ಹಾಗೇ ಅಲ್ವೇನೋ? ಆ ಕಡೆ ಜೋಯಿಸರು, ಈ ಕಡೆ ಜೋಯಿಸರು ಮಾತಾಡಿಕೊಂಡರು. ನಾನು ತಾಳಿ ಕಟ್ಟಿಸಿಕೊಂಡೆ” ಎಂದಳು.

ಒಪ್ಪಲು ಮನಸ್ಸಾಗಲಿಲ್ಲ. ಆ ಜೋಯಿಸರು ಕೇಸರಿಬಾತು ಎರಡು ಸಲ ಹಾಕಿಸಿಕೊಂಡು, ಹುಡುಗಿಯಿಂದ ದೇವರನಾಮ ಹಾಡಿಸಿ, ಸುಳ್ಳನ್ನೂ ಮುಖ ನೋಡಿಕೊಂಡೇ ಹೇಳುತ್ತಿದ್ದರು. ಸಂಬಂಧ ಕೆಟ್ಟರೆ ಹೋಗಿ ಬೈಯಲು ಅವರಿಗೊಂದು ಮನೆಬಾಗಿಲಾದರೂ ಇತ್ತು.

ಅಕ್ಕನಿಗೆ ಈ ವಾದದಲ್ಲಿ ಆಸಕ್ತಿಯಿರಲಿಲ್ಲ. “ಅದಿರಲಿ, ಹುಡುಗಿ ಹೆಸರೇನೋ?” ಎಂದು ಮಗನನ್ನು ಕೇಳಿದಳು.

“ಒಂದ್ನಿಮಿಷ ಅಮ್ಮ” ಎಂದು ಅವನು ಫೋನಿನಲ್ಲಿ ಹುಡುಕತೊಡಗಿದ.