ಮಾವ ಪಾಸು ಮಾಡಿದ ಕಿಕ್ಕು

ಹಿಪ್-ಹಾಪ್ ಬೀಟ್ ಮಾಡುವವನ ಹತ್ತಿರ ಹಾಡಿಲ್ಲದಿದ್ದರೂ ನಡೆಯುತ್ತದೆ, ಡ್ರಮ್ ಕಿಟ್ ಇಲ್ಲದಿದ್ದರೆ ನಡೆಯುವುದಿಲ್ಲ. ಕಿಕ್, ಸ್ನೇರ್, ಹೈ-ಹ್ಯಾಟ್, ಕ್ಲ್ಯಾಪ್ ಅಂತ ಒಂದೊಂದೇ ಏಟನ್ನು ಬಿಡಿಬಿಡಿಯಾಗಿ ಫೋಲ್ಡರಿಗೆ ತುಂಬಿ ಮಾರುತ್ತಾರೆ, ನಾನು ಕೊಳ್ಳುತ್ತೇನೆ. ಇಡೀ ಬಸವನಗುಡಿಗೆ ಹಂಚಿದರೂ ಮಿಗುವಷ್ಟು ಸ್ನೇರ್‌ಗಳಿವೆ. ಮುಗಿದ ಹಾಡು ಒಂದೂ ಇಲ್ಲ. ಅದಕ್ಕೆ ಬೇಸರವೂ ಇಲ್ಲ.

ಮೊನ್ನೆ ತಿಪಟೂರಿನಿಂದ ಮಾವ ಬಂದಿದ್ದರು. ನಾನು ರೂಮಿನಲ್ಲಿ ಕಿಕ್ ಆರಿಸುತ್ತಿದ್ದೆ. ಸ್ಪೀಕರ್ 'ಧಪ್' ಎಂದಿತು. ಹಾಲ್‌ನಲ್ಲಿ ಮಾವ ಎದ್ದರು, ಚಿಲಕ ತೆಗೆದರು, ಆಚೆ ಬಗ್ಗಿ ನೋಡಿದರು, ಬಂದು ಕೂತರು. ಮುಂದಿನದು 'ಧುಪ್' ಎಂದಿತು. ಮತ್ತೆ ಎದ್ದರು. ಹೇಳಬಹುದಿತ್ತು. ಆದರೆ ಇಂಥ ಅಳತೆಗೋಲು ಯಾವ ಸ್ಟುಡಿಯೋದಲ್ಲಿ ಸಿಕ್ಕೀತು? ಮಾವ ಎದ್ದರೆ ಪಾಸು. ಕೂತಲ್ಲೇ ಕತ್ತೆತ್ತಿದರೆ ಸ್ವಲ್ಪ ಬಾಸ್ ಏರಿಸಬೇಕು. ಪೇಪರ್ ಮಗುಚಿದರೆ ಡಿಲೀಟು. ಕ್ಲ್ಯಾಪ್ ಹಾಕಿದಾಗ, "ಇಲ್ಲಿ ಸೊಳ್ಳೆ ಜಾಸ್ತಿ ಅಲ್ವಾ ಅಳಿಯಂದ್ರೇ?" ಎಂದರು. ಕೊನೆಗೆ 808 ಹಾಕಿದೆ. ರೋಲ್ಯಾಂಡ್ ಕಂಪನಿ 1980ರಲ್ಲಿ ತಂದು 1983ಕ್ಕೆ ನಿಲ್ಲಿಸಿದ ಟಿಆರ್-808 ಯಂತ್ರದ ಕಿಕ್ಕು. ನಿಜವಾದ ಡ್ರಮ್ಮಿನಂತಿಲ್ಲ ಎಂದು ಹಲವರು ಮೂಗು ಮುರಿದಿದ್ದರು. ಸೆಕೆಂಡ್‌ಹ್ಯಾಂಡಿನಲ್ಲಿ ಅಗ್ಗಕ್ಕೆ ಸಿಕ್ಕಾಗ ಹಿಪ್-ಹಾಪ್ ಹುಡುಗರು ಎತ್ತಿಕೊಂಡರು. ಅಡುಗೆಮನೆಯ ಸ್ಟೀಲ್ ತಟ್ಟೆಗಳೆಲ್ಲ ಗುಂಯ್ ಎಂದವು. ಮಾವ ಏಳಲಿಲ್ಲ. "ಸಂಪಿನ ಮೋಟರ್ ಆಫ್ ಮಾಡೋದು ಮರ್ತಿದಾರೆ ನೋಡಿ."

ರಾತ್ರಿ ಊಟಕ್ಕೆ ಕೂತಾಗ ಎಲ್ಲ ಬಿಡಿಸಿ ಹೇಳಿದೆ. ಉತ್ಸಾಹ ತಡೆಯದೆ 'ಅಮೆನ್ ಬ್ರೇಕ್' ಕೇಳಿಸಿದೆ. 1969ರಲ್ಲಿ ವಿನ್‌ಸ್ಟನ್ಸ್ ತಂಡದ 'ಅಮೆನ್, ಬ್ರದರ್' ನಡುವೆ ಗ್ರೆಗರಿ ಕೋಲ್‌ಮನ್ ಬಾರಿಸಿದ್ದು. ನಾಲ್ಕು ಬಾರ್, ಸುಮಾರು ಏಳು ಸೆಕೆಂಡು. ಅದನ್ನೇ ಕತ್ತರಿಸಿ ಸಾವಿರಾರು ಹಾಡು ಕಟ್ಟಿದ್ದಾರೆ.

"ಬಾರಿಸಿದವನಿಗೆ ಎಷ್ಟು ಬಂತು?" ಮಾವ ಬ್ಯಾಂಕಿನಲ್ಲಿ ರಿಟೈರ್ ಆದವರು.

ರಾಯಲ್ಟಿ ಬರಲಿಲ್ಲ. 2006ರಲ್ಲಿ ತೀರಿಕೊಂಡಾಗ ಕೋಲ್‌ಮನ್‌ಗೆ ಇರಲು ಮನೆಯೂ ಇರಲಿಲ್ಲ.

"ಮತ್ತೆ ನೀವು ದುಡ್ಡು ಕೊಟ್ಟಿದ್ದು ಯಾರಿಗೆ?"

ಯಾರಿಗೆ ಎಂದರೆ, ಎಲ್ಲೋ ಯಾರೋ ಬಾರಿಸಿದ್ದನ್ನು ಕತ್ತರಿಸಿ, ಫೈಲಿಗೊಂದು ಹೆಸರಿಟ್ಟು, 'ರಾಯಲ್ಟಿ-ಫ್ರೀ' ಎಂದು ಮುದ್ರೆಯೊತ್ತಿ ಮಾರುವ ಮಹಾನುಭಾವನಿಗೆ. ಆ ಮುದ್ರೆ ಕಂಡರೆ ಈಗೀಗ ಮೈ ಉರಿಯುತ್ತದೆ. ಕೊಳ್ಳುವುದು ಬಿಟ್ಟಿಲ್ಲ, ಅದು ಬೇರೆ ಮಾತು. ಸಾರು ಬಡಿಸಿಕೊಂಡು ಸುಮ್ಮನಾದೆ.

ಮಾರನೆಯ ಬೆಳಿಗ್ಗೆ ಮತ್ತೆ ಕಂಪ್ಯೂಟರ್ ಮುಂದೆ ಕೂತಿದ್ದೆ. ಬಾಗಿಲ ಕಡೆಯಿಂದ ಧಪ್ ಧಪ್ ಎಂದು ಕೇಳಿಸಿತು. ಮಾವ ಪೇಪರಿನಿಂದ ಕತ್ತು ಕೂಡ ಎತ್ತಲಿಲ್ಲ. "ಇದು ಬೇಡ ಅಳಿಯಂದ್ರೇ, ನಿನ್ನೆ ಎರಡನೇದೇ ಚೆನ್ನಾಗಿತ್ತು!"

ಗ್ಯಾಸ್ ಸಿಲಿಂಡರಿನವನು ಕಾದು ಕಾದು ವಾಪಸ್ ಹೋದ. ಹೆಂಡತಿ ಈಗ ನಮ್ಮಿಬ್ಬರ ಹತ್ತಿರವೂ ಮಾತು ಬಿಟ್ಟಿದ್ದಾಳೆ.