ಬದುಕಿದ್ದೇನೆ, ಮುದ್ರೆ ಒತ್ತಿ

ನವೆಂಬರ್ ಬಂತೆಂದರೆ ನಮ್ಮಂಥ ಪಿಂಚಣಿದಾರರಿಗೆ ಜೀವ ಇದ್ದರೆ ಸಾಲದು, ಅದಕ್ಕೊಂದು ದಾಖಲೆಯೂ ಬೇಕು. ವಾಕಿಂಗಿಗೆ ಬರುವ ಗೆಳೆಯರು ಮಂಡಿನೋವನ್ನೂ ಮರೆತು ಒಬ್ಬರನ್ನೊಬ್ಬರು ವಿಚಾರಿಸಿಕೊಳ್ಳುತ್ತಾರೆ: "ಏನ್ ರಾಯರೇ, ಲೈಫ್ ಸರ್ಟಿಫಿಕೇಟ್ ಆಯ್ತಾ?"

ಬ್ಯಾಂಕಿನ ಹುಡುಗಿ ನನ್ನ ಹೆಬ್ಬೆರಳನ್ನು ಯಂತ್ರದ ಮೇಲಿಡಿಸಿದಳು. ಯಂತ್ರ ಒಪ್ಪಲಿಲ್ಲ. ತೋರುಬೆರಳಿಗೂ ಅದೇ ಗತಿ.

"ಸರ್, ಬರ್ತಾ ಇಲ್ಲ."

"ನಾನೇ ಬಂದಿದ್ದೀನಲ್ಲಮ್ಮ!"

ಹುಡುಗಿಗೆ ನಗು ಬಂತು, ಯಂತ್ರಕ್ಕೆ ಬರಲಿಲ್ಲ. ವಯಸ್ಸಾದಂತೆ ಬೆರಳಿನ ಗೆರೆ ಸವೆಯುತ್ತದಂತೆ. ಆಫೀಸಿನಲ್ಲಿ ಫೈಲು ತಿರುವಿ ತಿರುವಿ ಸವೆದಿರಬೇಕೆಂದು ಮನೆಯಲ್ಲಿ ಹೆಮ್ಮೆಯಿಂದ ಹೇಳಿದೆ. "ಮುಟ್ಟಿದ್ದರೆ ತಾನೇ ಸವೆಯೋದು?" ಎಂದಳು ನನ್ನಾಕೆ, ಪಾತ್ರೆ ತಿಕ್ಕುತ್ತ.

2014ರ ನವೆಂಬರಿನಲ್ಲಿ 'ಜೀವನ್ ಪ್ರಮಾಣ್' ಎಂಬ ಡಿಜಿಟಲ್ ಲೈಫ್ ಸರ್ಟಿಫಿಕೇಟ್ ಶುರುವಾದಾಗ, ಇನ್ನು ಮನೆಯಲ್ಲಿ ಕೂತೇ ಜೀವಂತರಾಗಬಹುದು ಎಂದು ಹಿಗ್ಗಿದ್ದೆವು. 2021ರಿಂದ ಬೆರಳೂ ಬೇಡ, ಮೊಬೈಲಿಗೆ ಮುಖ ತೋರಿಸಿ ಕಣ್ಣು ಮಿಟುಕಿಸಿದರೆ ಸಾಕು. ಆದರೆ ರೆಪ್ಪೆ ಬಡಿದರೆ ಫೋಟೋ ಕೆಡುತ್ತದೆಂದು ಸ್ಟುಡಿಯೋದವನಿಂದ ಗದರಿಸಿಕೊಂಡು ಬೆಳೆದ ತಲೆಮಾರು ನಮ್ಮದು. ನಾನು ಯಕ್ಷಗಾನದ ರಾಕ್ಷಸನಂತೆ ಕಣ್ಣರಳಿಸಿ ಕೂತೆ. "ಮಿಟುಕಿಸು ತಾತಾ!" ಎಂದು ಮೊಮ್ಮಗ ಕಿರುಚಬೇಕಾಯಿತು.

ನನ್ನದೇನು ಮಹಾ. ಉತ್ತರ ಪ್ರದೇಶದ ಆಜಂಗಢದ ರೈತ ಲಾಲ್ ಬಿಹಾರಿಯನ್ನು ನೆನೆಯಿರಿ. ಜಮೀನಿನಾಸೆಗೆ ಬಂಧುಗಳು ಲಂಚ ಕೊಟ್ಟು ದಫ್ತರದಲ್ಲಿ ಅವನನ್ನು ಸಾಯಿಸಿಬಿಟ್ಟರು. 1975ರಿಂದ 1994ರವರೆಗೆ ಆತ ಸರ್ಕಾರಿ ಲೆಕ್ಕದಲ್ಲಿ ದಿವಂಗತ. ಪುಣ್ಯಾತ್ಮ ತನ್ನ ಹೆಸರಿಗೇ 'ಮೃತಕ' ಎಂದು ಸೇರಿಸಿಕೊಂಡ, ತನ್ನಂಥ ಮೃತರನ್ನು ಕೂಡಿಸಿ 'ಮೃತಕ ಸಂಘ' ಕಟ್ಟಿದ, ಅಮೇಠಿಯಲ್ಲಿ ರಾಜೀವ್ ಗಾಂಧಿಯವರ ಎದುರೇ ಚುನಾವಣೆಗೆ ನಿಂತ. ಸತ್ತವನ ಠೇವಣಿಯನ್ನು ಯಾರೂ ಬೇಡವೆನ್ನಲಿಲ್ಲ! 2003ರಲ್ಲಿ ಅವನಿಗೆ ನೊಬೆಲ್ಲಿನ ಅಣಕವಾದ ಇಗ್ ನೊಬೆಲ್ ಶಾಂತಿ ಪ್ರಶಸ್ತಿಯೂ ಬಂತು. ಅವನ ಮುಂದೆ ನನ್ನ ಹೆಬ್ಬೆರಳಿನದು ಯಾವ ಲೆಕ್ಕ?

ಹಾಗೆಂದು ಸರ್ಕಾರಕ್ಕೆ ಕರುಣೆಯೇ ಇಲ್ಲ ಎನ್ನಲಾಗದು. ಎಂಬತ್ತು ದಾಟಿದ ಕೇಂದ್ರದ ಪಿಂಚಣಿದಾರರು ಅಕ್ಟೋಬರ್ 1ರಿಂದಲೇ ಬದುಕಿದ್ದೇವೆಂದು ಬರೆದುಕೊಡಬಹುದು. ರಶ್ಶು ತಪ್ಪಲಿ ಎಂಬ ಸೌಜನ್ಯವೋ, ನವೆಂಬರಿನವರೆಗೆ ನೆಚ್ಚುವಂತಿಲ್ಲ ಎಂಬ ಮುಂದಾಲೋಚನೆಯೋ, ಆ ದೇವರೇ ಬಲ್ಲ. ಎಂಬತ್ತಕ್ಕೆ ಮೂಲ ಪಿಂಚಣಿಯ ಮೇಲೆ ಶೇಕಡಾ 20 ಹೆಚ್ಚುವರಿ, ನೂರು ತುಂಬಿದರೆ ಪೂರಾ ಇನ್ನೊಂದು ಪಟ್ಟು. ಈ ವಿಷಯ ನನ್ನಾಕೆಯ ಕಿವಿಗೆ ಬಿದ್ದದ್ದೇ ತಡ, ನನ್ನ ಕಾಫಿಯಿಂದ ಸಕ್ಕರೆ, ತಟ್ಟೆಯಿಂದ ಬೋಂಡ, ಎರಡೂ ಮಾಯವಾಗಿವೆ.